ಹಿತ್ತಾಳೆ ಕಹಳೆಯೂ ವಿರುಪಾಕ್ಷಪ್ಪನ ಆರ್ಟ್ ಪಿಕ್ಚರೂ

ಚಿಕ್ಕೋಡಿಯಲ್ಲಿ ಫೋಟೋ ಸ್ಟುಡಿಯೋ ಇಟ್ಟುಕೊಂಡಿದ್ದ ವಿರುಪಾಕ್ಷಪ್ಪನನ್ನು ನೋಡಿ ನಗುವ ಹಕ್ಕು ಊರಿನವರಿಗೆಲ್ಲ ಇತ್ತು. ಆದರೆ ಮೊದಲ ಪಾಳಿ ಅವನದೇ. ತಾನು ಪೆದ್ದನಾದ ಸಂಗತಿಯನ್ನು ಬೇರೆಯವರು ಎತ್ತುವ ಮೊದಲೇ ಚಹಾದಂಗಡಿಯಲ್ಲಿ ಕುಳಿತು, ಅವರಿಗಿಂತ ಚೆನ್ನಾಗಿ ಹೇಳಿ, ಅವರ ಪಾಲಿಗೆ ಏನೂ ಉಳಿಯದಂತೆ ಮಾಡುವುದು ಅವನ ಪದ್ಧತಿ. ಹೀಗಾಗಿ ಈ ಕಥೆಯೂ ಅವನ ಬಾಯಿಂದಲೇ ಊರಿಗೆ ಹಬ್ಬಿತು. ಕೊನೆಯ ತುಣುಕೊಂದನ್ನು ಮಾತ್ರ ಅವನು ಬಹಳ ವರ್ಷ ಯಾರಿಗೂ ಹೇಳಿರಲಿಲ್ಲ.

ಅವನದು ಬೇಡಕಿಹಾಳದ ಕಬ್ಬಿನ ಮನೆತನ. ಮೂವರು ಅಣ್ಣತಮ್ಮಂದಿರಲ್ಲಿ ಕಿರಿಯವನು. ಹರೆಯದಲ್ಲಿ ನೀರು ಹಾಯಿಸಲು ಕಳಿಸಿದರೆ, ಕಾಲುವೆಯ ನೀರಿನಲ್ಲಿ ಬಿಸಿಲು ಕುಣಿಯುವುದನ್ನು ನೋಡುತ್ತ ನಿಂತುಬಿಡುತ್ತಿದ್ದ. ನೀರು ಒಡ್ಡು ದಾಟಿ ಪಕ್ಕದವರ ಕಬ್ಬನ್ನು ಚೆನ್ನಾಗಿ ಬೆಳೆಸುತ್ತಿತ್ತು. ಹಿರಿಯಣ್ಣ ಮುರಗೆಪ್ಪ ಎರಡು ಹಂಗಾಮು ಸಹಿಸಿಕೊಂಡು, ಮೂರನೆಯದಕ್ಕೆ ಮನೆಯವರನ್ನೆಲ್ಲ ಕೂಡಿಸಿ ತೀರ್ಪು ಕೊಟ್ಟ.

"ಇಂವಾ ಕೆಲಸಾ ಮಾಡಂಗಿಲ್ಲ, ಬರೇ ನೋಡ್ತಾನ. ಅದಕ್ಕ ಇವಗ ನೋಡೂ ಕೆಲಸಾನ ಹಚ್ಚಿ ಕೊಡೂಣು."

ಹೀಗೆ ಫೋಟೋ ಸ್ಟುಡಿಯೋ ಹುಟ್ಟಿತು. ಎಂಬತ್ತರ ದಶಕದ ಕೊನೆಗೆ ಅದರೊಳಗೆ ಹೆಗಲ ಮೇಲೆ ಹೊರುವಂಥ ವಿಡಿಯೋ ಕ್ಯಾಮರಾ ಬಂತು. ಆಮೇಲೆ ಸುತ್ತಲಿನ ಹಳ್ಳಿಗಳ ಲಗ್ನಗಳೆಲ್ಲ ಅವನ ಕೈಗೆ ಸಿಕ್ಕವು. ಅಕ್ಕಿಕಾಳು ಬೀಳಬೇಕಾದರೆ ಸ್ವಾಮಿಗಳು ಮಂತ್ರ ಮುಗಿಸಿದರೆ ಸಾಲದು. ವಿರುಪಾಕ್ಷಪ್ಪ ಕ್ಯಾಮರಾದ ಹಿಂದಿನಿಂದ ಬೆರಳೆತ್ತಬೇಕು. ಆ ಬೆರಳಿನಿಂದಾಗಿ ಕೆಲಕಾಲ ಅವನ ತಲೆ ತಿರುಗಿದ್ದೂ ಉಂಟು. ಮುಹೂರ್ತಕ್ಕೂ ತನಗೂ ಏನೋ ಸಂಬಂಧವಿದೆ ಎಂದು ಅವನು ನಂಬಿದ್ದ.

ಆದರೆ ಕ್ಯಾಸೆಟ್ ತಲುಪಿಸಿದ ದಿನ ಆ ನಂಬಿಕೆ ಉಳಿಯುತ್ತಿರಲಿಲ್ಲ. ಟೀವಿಯ ಮುಂದೆ ಬೀಗರು, ಬಿಜ್ಜರು, ಓಣಿಯ ಮಂದಿ ಕೂಡುತ್ತಿದ್ದರು. ಎಲ್ಲರ ಬಾಯಲ್ಲೂ ಒಂದೇ ಪ್ರಶ್ನೆ: "ನಾ ಎಲ್ಲಿ ಅದೀನಿ?" ತಮ್ಮ ಮುಖ ಬಂದೊಡನೆ ನಾಚುವುದು, ಹೋದೊಡನೆ ಎದ್ದು ಚಹಾಕ್ಕೆ ನಡೆಯುವುದು. ಒಮ್ಮೆ ರಾಯಬಾಗದ ಲಗ್ನವೊಂದರಲ್ಲಿ ಮದುಮಗಳ ಅಜ್ಜಿ ಕೆಂಚವ್ವ, ಮೊಮ್ಮಗಳ ಹೊಸ ಸೀರೆಯ ಸೆರಗನ್ನು ಎರಡು ಬೆರಳ ನಡುವೆ ಹಿಡಿದು, ಬಟ್ಟೆಯಂಗಡಿಯಲ್ಲಿ ಪರೀಕ್ಷಿಸುವಂತೆ ಮೆಲ್ಲಗೆ ಉಜ್ಜುತ್ತ ಕುಳಿತಿದ್ದಳು. ವಿರುಪಾಕ್ಷಪ್ಪ ಉಸಿರು ಬಿಗಿಹಿಡಿದು ಆ ಬೆರಳುಗಳನ್ನಷ್ಟೇ ತೆಗೆದ. ತನ್ನ ಜೀವಮಾನದಲ್ಲಿ ಅಂಥದ್ದನ್ನು ತೆಗೆದಿಲ್ಲ ಎಂದುಕೊಂಡ. ಕ್ಯಾಸೆಟ್ ಹಾಕಿದ ದಿನ ಮದುಮಗನ ಮಾವ ಕೂಗಿದ:

"ಮುಂದ ಓಡ್ಸೋ! ಮುದುಕಿ ಕೈ ಏನ್ ನೋಡ್ತಿ? ಊಟದ ಪಂಕ್ತಿ ಬರ್ಲಿ, ಅಲ್ಲೆ ನಾ ಅದೀನಿ."

ಕೆಂಚವ್ವನ ತಕರಾರು ಬೇರೆಯೇ ಇತ್ತು. "ಅಷ್ಟ ಹೊತ್ತು ಕೈ ತೋರ್ಸ್ಯಾನ, ಮಾರಿ ತೋರ್ಸಿಲ್ಲ ಭಾಡ್ಯಾ."

ಅಂದಿನಿಂದ ವಿರುಪಾಕ್ಷಪ್ಪನಿಗೆ ಒಂದು ಆಸೆ ಹತ್ತಿಕೊಂಡಿತು. ತಾನು ತೆಗೆದದ್ದನ್ನು ಒಬ್ಬರೇ ಒಬ್ಬರಾದರೂ ತಮ್ಮ ಮುಖ ಹುಡುಕದೆ ನೋಡಬೇಕು. ಬಹುಮಾನ ಬೇಡ, ಸನ್ಮಾನ ಬೇಡ. ಅಂದರೆ ಕೊಟ್ಟರೆ ಬೇಡವೆನ್ನುವವನಲ್ಲ, ಆದರೆ ಮೊದಲು ಇದು.

ತೊಂಬತ್ಮೂರನೆಯ ಇಸವಿಯಲ್ಲಿ ಖಾಲಿ ಕ್ಯಾಸೆಟ್ ತರಲು ಕೊಲ್ಹಾಪುರಕ್ಕೆ ಹೋದಾಗ, ಮಳೆಗೆ ತಪ್ಪಿಸಿಕೊಳ್ಳಲು ಒಂದು ಸಭಾಗೃಹ ಹೊಕ್ಕ. ಒಳಗೆ ಯಾವುದೋ ದೇಶದ ಕಿರುಚಿತ್ರ ತೋರಿಸುತ್ತಿದ್ದರು. ಪರದೆಯ ಮೇಲೆ ಒಂದು ಖಾಲಿ ಕುರ್ಚಿ. ಬಹಳ ಹೊತ್ತಿನ ಮೇಲೆಯೂ ಖಾಲಿ ಕುರ್ಚಿ. ದೀಪ ಹತ್ತಿದಾಗ ಎಲ್ಲರೂ ಎದ್ದು ನಿಂತು ಚಪ್ಪಾಳೆ ತಟ್ಟಿದರು, ಕನ್ನಡಕದ ಒಬ್ಬ ಹೆಣ್ಣುಮಗಳು ಕಣ್ಣೊರೆಸಿಕೊಂಡಳು. ವಿರುಪಾಕ್ಷಪ್ಪ ಬೆರಗಾದ. ಖಾಲಿ ಕುರ್ಚಿಗಳನ್ನು ತಾನೂ ಎಷ್ಟು ತೆಗೆದಿದ್ದ! ಕೈತಪ್ಪಿ ತೆಗೆದಿದ್ದ, ಗಿರಾಕಿಗಳಿಂದ ಬೈಸಿಕೊಂಡಿದ್ದ. ಅಷ್ಟರಲ್ಲಿ ವೇದಿಕೆಯ ಮೇಲಿನವರು ಹವ್ಯಾಸಿಗಳಿಗಾಗಿ ಸ್ಪರ್ಧೆಯೊಂದನ್ನು ಸಾರಿದರು. ವಿಷಯ: ಬಿಟ್ಟುಹೋದ ವಸ್ತು. ಅಲ್ಲಿ ಕುಳಿತವರಲ್ಲಿ ಒಬ್ಬರಾದರೂ ಚಿಕ್ಕೋಡಿ ಕಡೆಯ ಲಗ್ನಕ್ಕೆ ಬಂದಿರಲಿಲ್ಲ. ಮುಖ ಹುಡುಕುವ ಪ್ರಶ್ನೆಯೇ ಇಲ್ಲ.

ಊರಿಗೆ ಮರಳಿದವನು ಕ್ಯಾಮರಾಕ್ಕಿಂತ ಮೊದಲು ಜುಬ್ಬಾ ಹೊಲಿಸಿದ. ಗಡ್ಡ ಬಿಟ್ಟ. ಚಹಾದಂಗಡಿಯ ಗೆಳೆಯ ಬಾಳಾಸಾಬ ವಿಚಾರಿಸಿದ:

"ಯಾಕೋ ವಿರುಪಾಕ್ಷ, ಮೈಯಾಗ ಆರಾಮಿಲ್ಲೇನು? ಗಡ್ಡಾ ಬಿಟ್ಟೀಯಲ್ಲ."

"ಆರ್ಟ್ ಪಿಕ್ಚರ್ ಮಾಡಾಕತ್ತೀನಿ."

"ಹೀರೋಯಿನ್ ಯಾರು?"

"ಹೀರೋಯಿನ್ ಇಲ್ಲ. ಮನಷ್ಯಾರ ಇಲ್ಲ ಅದರಾಗ."

ಬಾಳಾಸಾಬ ಬಸಿಯಲ್ಲಿದ್ದ ಚಹಾ ಕುಡಿದು ಮುಗಿಸಿ ಕೇಳಿದ: "ಮತ್ತ ಲಗ್ನ ಯಾರದು?"

ಮನೆಯಲ್ಲಿ ಹೆಂಡತಿ ಶಿವಗಂಗವ್ವನೂ ರೊಟ್ಟಿ ಬಡಿಯುತ್ತ ಅದೇ ದಾರಿ ಹಿಡಿದಳು. "ಮನಷ್ಯಾರ ಇಲ್ಲದ ಪಿಕ್ಚರ್ ಮನಷ್ಯಾರು ಯಾಕ ನೋಡ್ತಾರ್ರಿ?"

"ಅದಕ್ಕಽ ನೋಡ್ತಾರ" ಎಂದ ವಿರುಪಾಕ್ಷಪ್ಪ. ಹಾಗೆಂದರೇನೆಂದು ಅವನಿಗೂ ಗೊತ್ತಿರಲಿಲ್ಲ. ಆದರೆ ಜುಬ್ಬಾ ಹಾಕಿಕೊಂಡು ಹೇಳಿದ್ದರಿಂದ ಮಾತಿಗೆ ತೂಕ ಬಂದಂತೆನಿಸಿತು.

ಬಿಟ್ಟುಹೋದ ವಸ್ತು ಅವನಿಗೆ ಕುಡಚಿಯಲ್ಲಿ ಸಿಕ್ಕಿತು. ಮಲಂಗಸಾಬನ ಬ್ಯಾಂಡ್ ಒಂದು ಕಾಲಕ್ಕೆ ಸುತ್ತಲೆಲ್ಲ ಹೆಸರಾದದ್ದು. ಮಲಂಗಸಾಬ ಅದರಲ್ಲಿ ಊದುತ್ತಿದ್ದದ್ದು ಎಲ್ಲಕ್ಕಿಂತ ದೊಡ್ಡ ಹಿತ್ತಾಳೆ ಕಹಳೆ. ಹಾವಿನಂತೆ ಮೈಗೆ ಸುತ್ತಿಕೊಂಡು, ತಲೆಯ ಮೇಲೆ ರೊಟ್ಟಿಹಿಟ್ಟು ನಾದುವ ದೊಡ್ಡ ಪರಾತದಷ್ಟು ಬಾಯಿ ತೆರೆಯುವಂಥದ್ದು. ಅದು ಹಾಡು ಹೇಳುತ್ತಿರಲಿಲ್ಲ. ಬೇರೆಯವರು ಹಾಡು ಹೇಳುವಾಗ ಹಿಂದಿನಿಂದ 'ಭೋಂ, ಭೋಂ' ಎಂದು ಹೌದೆನ್ನುತ್ತಿತ್ತು. ಅದಕ್ಕೆ ಊರಿನವರು ಅದನ್ನು ಭೋಂ ಎಂದೇ ಕರೆಯುತ್ತಿದ್ದರು. ಆಮೇಲೆ ನಿಪ್ಪಾಣಿ ಕಡೆಯಿಂದ ಬೆಂಜೋ ಪಾರ್ಟಿಗಳು ಬಂದವು. ಗಾಡಿಯ ಮೇಲೆ ಸ್ಪೀಕರ್ ಹೇರಿಕೊಂಡು, ಒಂದು ಪೆಟ್ಟಿಗೆಯಿಂದ ಹತ್ತು ವಾದ್ಯದ ಸಪ್ಪಳ ಮಾಡುವವರು. ಅದೇ ಹೊತ್ತಿಗೆ ಮಲಂಗಸಾಬನ ಮುಂದಿನ ಹಲ್ಲುಗಳೂ ಉದುರಿದವು. ಹಲ್ಲಿಲ್ಲದೆ ತುಟಿ ನಿಲ್ಲದು, ತುಟಿ ನಿಲ್ಲದೆ ಭೋಂ ಅನ್ನದು. ವಿರುಪಾಕ್ಷಪ್ಪ ನೋಡಿದಾಗ ಅದು ಅಂಗಳದ ಮೂಲೆಯಲ್ಲಿ, ಕರ್ರಗೆ ಹಸಿರು ಹಿಡಿದು, ಬಾಯಿ ಮೇಲೆ ಮಾಡಿ ಬಿದ್ದಿತ್ತು. ಅದರೊಳಗೆ ಒಂದು ಕೋಳಿ ಕಾವು ಕುಳಿತಿತ್ತು.

ವಿರುಪಾಕ್ಷಪ್ಪ ಕಹಳೆಯ ಸುತ್ತ ಒಂದು ಸುತ್ತು ಹಾಕಿದ. ಇದರ ಮುಂದೆ ಆ ಖಾಲಿ ಕುರ್ಚಿ ಏನು ಮಹಾ!

"ಮಲಂಗಚಾಚಾ, ಇದರದು ಶೂಟಿಂಗ್ ಮಾಡ್ಲೇನ್ರಿ? ಬರೂ ಶುಕ್ರವಾರ ಬರತೇನಿ."

ಮಲಂಗಸಾಬ ಬೊಚ್ಚು ಬಾಯಿ ತೆರೆದು ನಕ್ಕ. "ಬರ್ರಿ ಬರ್ರಿ. ನಮ್ಮ ಮನಿಯಾಗ ಶೂಟಿಂಗಂದ್ರ ಬ್ಯಾಡ ಅಂತೀನೇನು?"

ವಿರುಪಾಕ್ಷಪ್ಪ ಆಡಬಾರದಿದ್ದ ಮಾತು ಶೂಟಿಂಗ್. ಆ ಸೀಮೆಯಲ್ಲಿ ಶೂಟಿಂಗ್ ಎಂದರೆ ಏನೆಂಬುದನ್ನು ಮಂದಿಗೆ ಕಲಿಸಿದವನೇ ಅವನು. ಶೂಟಿಂಗ್ ಎಂದರೆ ಮನೆಗೆ ಸುಣ್ಣ, ಮೈಗೆ ಜರಿ, ಮುಖಕ್ಕೆ ಪೌಡರ್. ಶುಕ್ರವಾರ ನಮಾಜು ಮುಗಿದ ಹೊತ್ತಿಗೆ ಕುಡಚಿಗೆ ಹೋಗಿ ನೋಡಿದರೆ ಅಂಗಳ ಸಾರಿಸಿತ್ತು. ಬಾಗಿಲಿಗೆ ಬಣ್ಣದ ಕಾಗದ ಕಟ್ಟಿತ್ತು. ನಡುವೆ ಒಂದು ಮೇಜು, ಮೇಜಿಗೆ ಕಸೂತಿಯ ಹೊದಿಕೆ, ಅದರ ಮೇಲೆ ಭೋಂ. ಹುಣಸೆಹಣ್ಣು, ಬೂದಿ ಹಾಕಿ ತಿಕ್ಕಿ ತಿಕ್ಕಿ ಬಂಗಾರ ಮಾಡಿದ್ದರು. ಕೊರಳಿಗೆ ಮಲ್ಲಿಗೆ ಸರ. ಪಕ್ಕದಲ್ಲಿ ಮಲಂಗಸಾಬ, ಭುಜದ ಮೇಲೆ ಗೊಂಡೆ ತೂಗುವ ಕೆಂಪು ಬ್ಯಾಂಡ್ ಕೋಟು ಹಾಕಿಕೊಂಡು, ಹೊಟ್ಟೆಯ ಗುಂಡಿ ಹತ್ತದೆ ಕೈಯಿಂದ ಮುಚ್ಚಿಕೊಂಡು ನಿಂತಿದ್ದ. ಅವನ ತಮ್ಮ ಹುಸೇನಮಿಯಾ ಮಿರಜಿನ ಬೀಗರನ್ನೂ ಕರೆಸಿದ್ದ.

ವಿರುಪಾಕ್ಷಪ್ಪ ಕ್ಯಾಮರಾ ಕೆಳಗಿಟ್ಟು ಕಟ್ಟೆಯ ಮೇಲೆ ಕುಳಿತ. "ಚಾಚಾ, ಕೋಳಿ ಎಲ್ಲಿ?"

"ಕೋಳಿ?" ಹುಸೇನಮಿಯಾ ಮುಂದೆ ಬಂದ. "ಊಟಕ್ಕ ಐತ್ರೀ. ಅವಸರ ಮಾಡಬ್ಯಾಡ್ರಿ, ಶೂಟಿಂಗ್ ಮುಗೀಲಿ."

"ಅಯ್ಯ ಶಿವನ, ಅದನ್ನಽ ಕೊಯ್ದ್ರೇನು! ಅಲ್ರಿ, ನನಗ ಅದು ಹಂಗಽ ಬೇಕಾಗಿತ್ತು. ಧೂಳಾ, ಜ್ಯಾಡಾ, ಹಸರ ಕಿಲಬು... ಚಾಚಿ, ಸ್ವಲ್ಪ ಬೂದಿ ತಂದು ಮ್ಯಾಲೆ ಉಗ್ಗತೀರೇನು?"

ಮಲಂಗಸಾಬನ ಹೆಂಡತಿ ಸರ್ವರಬಿ ಬಾಗಿಲಲ್ಲಿ ನಿಂತವಳು ಸೆರಗು ಸೊಂಟಕ್ಕೆ ಸಿಕ್ಕಿಸಿದಳು. ಹುಣಸೆಹುಳಿಗೆ ಅವಳ ಬೆರಳ ತುದಿಗಳು ಬೆಳ್ಳಗಾಗಿದ್ದವು.

"ನಾ ಎರಡ ದಿನ ತಿಕ್ಕೀನ್ರಿ ಅದನ್ನ. ಈಗ ಬೂದಿ ಉಗ್ಗ ಅಂತೀರಿ? ಮಲಂಗಸಾಬನ ಮನಿ ಹೊಲಸ ಅಂತ ಟೀವ್ಯಾಗ ತೋರಸಬೇಕಂತ ಬಂದೀರೇನು?"

"ಹಂಗಲ್ಲ ಚಾಚಿ, ಅದು ಆರ್ಟ್..."

"ಆಟ ಇದ್ರ ನಿಮ್ಮನ್ಯಾಗ ಆಡ್ರಿ."

ಮೀರಿ ಮಾತಾಡಿದರೆ ಕೋಳಿಯೂ ಇಲ್ಲ, ಕಹಳೆಯೂ ಇಲ್ಲ ಎಂದು ವಿರುಪಾಕ್ಷಪ್ಪನಿಗೆ ಹೊಳೆಯಿತು. ಮೊದಲು ಮನೆಯವರನ್ನು ಸಂತೋಷಪಡಿಸಲು, ಎಲ್ಲ ವಿಡಿಯೋದವರಿಗೆ ಗೊತ್ತಿರುವ ಉಪಾಯ ಮಾಡಿದ. ಕ್ಯಾಮರಾದ ದೀಪ ಹಚ್ಚಿದ, ಗುಂಡಿ ಮಾತ್ರ ಒತ್ತಲಿಲ್ಲ. ಮಿರಜಿನ ಬೀಗರು ಒಬ್ಬೊಬ್ಬರಾಗಿ ಬಂದು ಭೋಂ ಪಕ್ಕದಲ್ಲಿ ನಿಂತು ಸಲಾಮು ಮಾಡಿದರು. ಹುಸೇನಮಿಯಾ ಮೂರು ಅಂಗಿ ಬದಲಿಸಿಕೊಂಡು ಬಂದ. ಮಲಂಗಸಾಬ ಊದುವ ಹಾಗೆ ಕೆನ್ನೆ ಉಬ್ಬಿಸಿ ನಿಂತ. ಟೇಪಿನಲ್ಲಿ ಒಬ್ಬರೂ ಇಳಿಯಲಿಲ್ಲ.

ಎಲ್ಲರೂ ಊಟಕ್ಕೆ ಒಳಗೆ ಹೋದ ಮೇಲೆ ಅವನೊಬ್ಬನೇ ಅಂಗಳದಲ್ಲಿ ಉಳಿದ. ಮಲ್ಲಿಗೆ ಸರ ತೆಗೆದಿಟ್ಟು, ಮೇಜನ್ನು ಬೇವಿನ ಗಿಡದ ಹತ್ತಿರ ಸರಿಸಿದ. ಧೂಳಿಲ್ಲದಿದ್ದರೇನಾಯಿತು, ಹೊಳಪೇ ದುಃಖ ಎಂದುಕೊಂಡ. ಆ ವಾಕ್ಯ ಅವನಿಗೇ ಎಷ್ಟು ಹಿಡಿಸಿತೆಂದರೆ ಒಂದು ಗಳಿಗೆ ಕ್ಯಾಮರಾ ಮರೆತು ಅದನ್ನೇ ಮೆಲುಕು ಹಾಕಿದ. ಆಮೇಲೆ ಕೊಳವೆಯ ಸುತ್ತುಗಳನ್ನು ತೆಗೆದ. ಮಲಂಗಸಾಬನ ಹೆಗಲು ತಾಗಿ ತಾಗಿ ಸವೆದ ತಾವನ್ನು ತೆಗೆದ. ಬೆರಳಿಟ್ಟಲ್ಲಿ ಆದ ಗುಣಿಗಳನ್ನು ತೆಗೆದ. ಕೊನೆಗೆ ಕಹಳೆಯ ಬಾಯಿಗೆ ಬಂದ. ಕ್ಯಾಮರಾದ ಕಿಂಡಿಯಲ್ಲಿ ಎಲ್ಲವೂ ಉಗುರಿನಷ್ಟು, ಅದೂ ಕಪ್ಪುಬಿಳುಪು. ಬಾಯಿಯ ಒಳಮೈಯಲ್ಲಿ ಏನೋ ಒಂದು ಕಪ್ಪು ಕಲೆ ಮೆಲ್ಲಗೆ ಅಲುಗಿತು. ಬೇವಿನ ನೆರಳಿರಬೇಕು. ಅವನು ಅದರ ಮೇಲೆ ಬಹಳ ಹೊತ್ತು ನಿಂತ, ಇಂಚಿಂಚಾಗಿ ಒಳಗೆ ಹೋದ.

ಸ್ಟುಡಿಯೋದ ಚಿಕ್ಕ ಕಪ್ಪುಬಿಳುಪು ಟೀವಿಯಲ್ಲಿ ನೋಡಿ ನೋಡಿ ಬೇಡದ್ದನ್ನೆಲ್ಲ ಕತ್ತರಿಸಿ, ಹತ್ತು ನಿಮಿಷದ ಚಿತ್ರ ಮಾಡಿದ. ಆ ಕಪ್ಪು ಕಲೆಯ ಭಾಗ ಬಂದಾಗಲೆಲ್ಲ ಎದ್ದು ನಿಂತು ನೋಡುತ್ತಿದ್ದ. ಬಾಳಾಸಾಬನಿಗೆ ಹೇಳಿದ:

"ಕಡೀಕ ಒಂದ ನೆರಳ ಬರ್ತೈತಿ ನೋಡು. ಅದು ಕಾಲದ ನೆರಳು."

"ಯಾರ ಕಾಲಂದು?" ಎಂದ ಬಾಳಾಸಾಬ, ಬೇಕೆಂದೇ.

ಕೊಲ್ಹಾಪುರಕ್ಕೆ ಕಳಿಸುವ ಮೊದಲು ಒಮ್ಮೆ ಕುಡಚಿಯಲ್ಲಿ ತೋರಿಸಿ ಬನ್ನಿ, ವಸ್ತು ಅವರದು ಎಂದು ಶಿವಗಂಗವ್ವ ಪಟ್ಟು ಹಿಡಿದಳು, ತಾನೂ ಬರುತ್ತೇನೆಂದಳು. ವಿರುಪಾಕ್ಷಪ್ಪನ ಲೆಕ್ಕಾಚಾರವೇ ಬೇರೆ. ಈ ಚಿತ್ರದಲ್ಲಿ ಯಾರ ಮುಖವೂ ಇಲ್ಲ. ಹುಡುಕಿ ಹುಡುಕಿ ದಣಿದ ಮೇಲಾದರೂ ಮಂದಿ ನೋಡಲೇಬೇಕಲ್ಲ! ತನ್ನ ಆಸೆ ಕೈಗೂಡುವುದಾದರೆ ಕುಡಚಿಯಲ್ಲೇ ಆಗಲಿ. ಇಪ್ಪತ್ತೊಂದು ಇಂಚಿನ ಕಲರ್ ಟೀವಿ, ವಿಸಿಆರ್ ಬಾಡಿಗೆಗೆ ತಂದು ಮಲಂಗಸಾಬನ ಪಡಸಾಲೆಯಲ್ಲಿ ಹೂಡಿದ. ಮಿರಜಿನ ಬೀಗರು ಮತ್ತೆ ಬಂದಿದ್ದರು. ಹೆಂಗಸರು ಒಳಬಾಗಿಲ ಹತ್ತಿರ, ಶಿವಗಂಗವ್ವ ಅವರ ನಡುವೆ. ವಿರುಪಾಕ್ಷಪ್ಪ ಟೀವಿಯ ಪಕ್ಕದಲ್ಲಿ ನಿಂತ. ಪರದೆಗಿಂತ ಮಂದಿಯ ಕಣ್ಣುಗಳೇ ಕಾಣುವಂಥ ಜಾಗ.

ಚಿತ್ರ ಶುರುವಾಯಿತು. ಕೊಳವೆ, ಕೊಳವೆ, ಬಿಸಿಲು.

"ನಾವ್ ಯಾವಾಗ ಬರ್ತೀವಿ?" ಎಂದ ಹುಸೇನಮಿಯಾ.

"ತಡೀರಿ, ನೋಡ್ರಿ."

ಸವೆದ ತಾವು. ಗುಣಿ. ಮತ್ತೊಂದು ಗುಣಿ.

"ಅಲ್ರಿ, ನಾ ಮೂರ ಅಂಗಿ ಹಾಕಿದ್ನಿ. ಒಂದೂ ಬರ್ಲಿಲ್ಲಲ್ಲ!"

ಮಿರಜಿನ ಬೀಗರೊಬ್ಬರು ಟೊಪ್ಪಿಗೆ ತೆಗೆದು ಮತ್ತೆ ಹಾಕಿಕೊಂಡರು. ಮಲಂಗಸಾಬ ತನ್ನ ಉಬ್ಬಿದ ಕೆನ್ನೆಗಳು ಈಗ ಬಂದಾವು, ಇನ್ನೊಂದು ಚಣಕ್ಕೆ ಬಂದಾವು ಎಂದು ಕಾಯುತ್ತಿದ್ದುದು ಮುಖದ ಮೇಲೇ ಕಾಣುತ್ತಿತ್ತು. ವಿರುಪಾಕ್ಷಪ್ಪನಿಗೆ ಸಂಕಟವಾಯಿತು. ಹುಡುಕುವುದನ್ನು ಬಿಟ್ಟು ನೋಡುವುದಿರಲಿ, ಮಂದಿ ಎದ್ದೇ ಹೋಗುವ ಹಾಗಿತ್ತು. ಅಷ್ಟರಲ್ಲಿ ಕಹಳೆಯ ಬಾಯಿ ಬಂತು. ಕಾಲದ ನೆರಳೂ ಬಂತು. ಕ್ಯಾಮರಾ ಇಂಚಿಂಚಾಗಿ ಒಳಗೆ ಹೊರಟಿತು.

ಹುಸೇನಮಿಯಾ ಮೊಣಕಾಲ ಮೇಲೆ ಎದ್ದು, ಟೀವಿಯ ಗಾಜಿಗೆ ಬೆರಳು ಹಚ್ಚಿದ. "ಅರೇ! ಯಾರಿಂವಾ?"

ಕಲರ್ ಟೀವಿಯಲ್ಲಿ ಕಾಲದ ನೆರಳು ಕೆಂಪು ಚೌಕಳಿ ಜುಬ್ಬಾ ಹಾಕಿಕೊಂಡಿತ್ತು. ಹುಣಸೆಹಣ್ಣಿನ ಹೊಳಪಿನಲ್ಲಿ, ಗುಬ್ಬಿಯಷ್ಟು ತಲೆ, ಗುಡಾಣದಷ್ಟು ಹೊಟ್ಟೆ, ಹೆಗಲ ಮೇಲೆ ಕ್ಯಾಮರಾ, ಒಂದು ಕಣ್ಣು ಮುಚ್ಚಿ, ಬಾಯಿಂದ ನಾಲಿಗೆ ಹೊರಚಾಚಿಕೊಂಡು ಚಿಕ್ಕೋಡಿಯ ವಿರುಪಾಕ್ಷಪ್ಪ ನಿಂತಿದ್ದ. ಹತ್ತಿರ ಬಂದಷ್ಟೂ ಹೊಟ್ಟೆ ಬೆಳೆಯುತ್ತಿತ್ತು.

ಪಡಸಾಲೆ ಹಾರಿಹೋಗುವ ಹಾಗೆ ನಗೆ ಎದ್ದಿತು.

"ಹಿಡದ್ವಿ ನೋಡ್ರಿ ಕಳ್ಳನ್ನ! ನಮ್ಮನ್ನೆಲ್ಲಾ ಬಿಟ್ಟು ತಾನಽ ಒಳಗ ಕುಂತಾನ!"

"ನಾಲಿಗಿ ಯಾಕ್ರಿ ಹಂಗ? ಕೋಳಿ ಸಾರಿನ ವಾಸನಿಗೇನು?"

"ಹಿಂದ ಓಡ್ಸ್ರಿ, ಹಿಂದ ಓಡ್ಸ್ರಿ!"

ಹಿಂದೆ ಓಡಿಸಿದರು. ಇನ್ನೊಮ್ಮೆ ನಕ್ಕರು. ವಿರುಪಾಕ್ಷಪ್ಪನಿಗೆ ನೆಲ ಬಾಯಿಬಿಡಬಾರದೇ ಅನ್ನಿಸಿತು. ಪದ್ಧತಿಯ ಪ್ರಕಾರ ತಾನೂ ನಗಬೇಕೆಂದು ಪರದೆಯ ಎದುರಿಗೆ ಬಂದ. ಬಂದವನು ನಗುವುದನ್ನು ಮರೆತ. ಇಷ್ಟು ವರ್ಷ, ಅಷ್ಟು ಲಗ್ನ, ಯಾವ ಕ್ಯಾಸೆಟ್ಟಿನಲ್ಲೂ ಅವನಿರಲಿಲ್ಲ. ಕೆಲಸ ಮಾಡುವಾಗ ತಾನು ಹೀಗಿರುತ್ತೇನೆ ಎಂದು ಅವನಿಗೆ ಯಾರೂ ತೋರಿಸಿರಲಿಲ್ಲ. ನಾಲಿಗೆ ಹೊರಗೆ ಬರುತ್ತದೆಯೇ? ಯಾವಾಗಲೂ? ಎಡಗಡೆಗೇ? ಕೂದಲು ಅಷ್ಟು ಹೋಗಿದೆಯೇ, ಅಥವಾ ಹಿತ್ತಾಳೆಯ ತಪ್ಪೋ? ಅವನು ಟೀವಿಯ ಮುಂದೆ ಚಕ್ಕಳಮಕ್ಕಳ ಹಾಕಿ ಕುಳಿತು, ಹುಸೇನಮಿಯಾನಿಗೆ ಹೇಳಿದ:

"ಇನ್ನೊಮ್ಮೆ ಹಿಂದ ಓಡ್ಸ್ರಿ. ಸ್ವಲ್ಪ ಸಾವಕಾಶ."

ಚಿತ್ರ ಮುಗಿದು, ಚಹಾ ಮುಗಿದು, ಮಲಂಗಸಾಬನಿಗೆ "ನಿಮ್ಮದಽ ಬ್ಯಾರೆ ಶೂಟಿಂಗ್ ಮಾಡತೇನಿ, ಈ ಸಲ ಖರೇ" ಎಂದು ಆಣೆ ಮಾಡಿ, ಗಂಡಹೆಂಡತಿ ಸಂಜೆಯ ಬಸ್ಸು ಹತ್ತಿದರು. ವಿರುಪಾಕ್ಷಪ್ಪ ಆಗಲೇ ನಾಳೆಯ ಚಹಾದಂಗಡಿಗೆ ಕಥೆ ಕಟ್ಟುತ್ತಿದ್ದ.

"ಆತು ಬಿಡು. ಒಬ್ಬರಾದ್ರೂ ಸುಮ್ಮಕ ನೋಡ್ಯಾರು ಅನ್ಕೊಂಡಿದ್ನಿ. ಕಡೀಕ ಎಲ್ಲಾರೂ ನನ್ನ ಹೊಟ್ಟಿ ನೋಡಿದ್ರು."

ಶಿವಗಂಗವ್ವ ಕಿಟಕಿಯ ಹೊರಗೆ ನೋಡುತ್ತಿದ್ದಳು. "ಸರ್ವರಚಾಚಿ ನೋಡಿದ್ಲಲ್ರಿ."

"ಏನ್ ನೋಡಿದ್ಲು?"

"ಮಂದಿ ನಗಾಕತ್ತಿದ್ರು. ಅಕಿ ನಗಲಿಲ್ಲ. ಬಾಗಲಾ ಹಿಡಕೊಂಡು ನಿಂತಾಕಿ, ಅದು ಸವದದ್ದು ಐತಲ್ಲ, ಹೆಗಲ ತಾಗೂದು, ಅದನ್ನ ನೋಡಿ ಅಂದ್ಲು, 'ಲಗ್ನದ ಸುಗ್ಗಿ ಬಂದ್ರ ಇದು ಅವರ ಹೆಗಲ ಏರಿ ಹೊಂಟಬಿಡ್ತಿತ್ತು, ನಾ ನೋಡಿದ್ದೆಲ್ಲಾ ಇದರ ಬೆನ್ನಽ. ಎರಡ ದಿನ ತಿಕ್ಕೀನಿ, ಆವಾಗೂ ಕಿಲಬ ನೋಡೀನಿ, ಇದನ್ನ ನೋಡಿಲ್ಲ. ಹಿಂಗೈತೇನವ್ವಾ ಇದು' ಅಂದ್ಲು. ಆಮ್ಯಾಲೆ ಮಾತಾಡ್ಲಿಲ್ಲ. ಮುಗಿಯೂತನಾ ನೋಡಿದ್ಲು."

ವಿರುಪಾಕ್ಷಪ್ಪ ಕಟ್ಟುತ್ತಿದ್ದ ಕಥೆಯನ್ನು ಅಲ್ಲಿಗೇ ಬಿಟ್ಟ. "ಯಾವಾಗ?"

"ನೀವು 'ಸ್ವಲ್ಪ ಸಾವಕಾಶ' ಅಂತ ಹಿಂದ ಓಡಸಾಕತ್ತಿದ್ರಿ ನೋಡ್ರಿ, ಅದು ಮತ್ತ ಬಂತಲ್ಲ, ಆವಾಗ."

ಆ ಒಂದು ನೋಟಕ್ಕಾಗಿ ಅವನು ಜುಬ್ಬಾ ಹೊಲಿಸಿದ್ದ, ಗಡ್ಡ ಬಿಟ್ಟಿದ್ದ, ಒಂದು ಬಡ ಕೋಳಿಯ ಪ್ರಾಣ ತೆಗೆಸಿದ್ದ. ಅದು ಅವನ ಬೆನ್ನ ಹಿಂದೆ, ಮೂರು ಮೊಳದಾಚೆ ಬಂದು ನಿಂತಿತ್ತು. ಅವನು ಆಗ ತನ್ನ ಬೋಳುತಲೆಯ ವಿಚಾರಣೆಯಲ್ಲಿದ್ದ.

"ಹೋಲ್ಡನ್ ಕಂಡಕ್ಟರ್ ಸಾಹೇಬ್ರ! ಗಾಡಿ ನಿಲ್ಲಸ್ರಿ!" ಅವನು ಎದ್ದು ನಿಂತೇಬಿಟ್ಟ.

ಶಿವಗಂಗವ್ವ ಜುಬ್ಬಾದ ತುದಿ ಹಿಡಿದು ಜಗ್ಗಿದಳು. "ಹೋಗಿ ಏನ್ ಮಾಡ್ತೀರಿ? 'ಚಾಚಿ, ಇನ್ನೊಮ್ಮೆ ಹಂಗಽ ನೋಡ್ರಿ, ನಾ ಈ ಕಡೆ ನಿಂದರ್ತೀನಿ' ಅಂತೀರೇನು?"

ಸರಿಯಾಗಿ ಅದನ್ನೇ ಅನ್ನಬೇಕೆಂದಿದ್ದ. ಎಷ್ಟು ಮದುಮಕ್ಕಳಿಂದ ಎರಡೆರಡು ಸಲ ತಾಳಿ ಕಟ್ಟಿಸಿದ್ದ ಮನುಷ್ಯ! ಕಂಡಕ್ಟರ್ ಹಿಂದಕ್ಕೆ ತಿರುಗಿ "ಏನ್ರಿ, ಇಳೀತೀರೋ ಇಲ್ಲೋ?" ಎಂದ. ಬಸ್ಸಿನ ಮಂದಿಯೆಲ್ಲ ತಿರುಗಿ ನೋಡಿದರು.

"ಇಲ್ರಿ, ಹೋಗ್ಲಿ" ಎಂದು ವಿರುಪಾಕ್ಷಪ್ಪ ಕುಳಿತ.

ಬಸ್ಸು ರಾಯಬಾಗ ದಾಟಿತು. ಆಮೇಲೆ ಅವನು ಹೆಂಡತಿಯ ಕಡೆ ಹೊರಳಿ, "ಬಾಗಲಾ ಯಾವ ಕೈಲೆ ಹಿಡಕೊಂಡಿದ್ಲು?" ಎಂದು ಕೇಳಿದ. ಬಲಗೈ ಎಂದಳು. ಸೆರಗು ತಲೆಯ ಮೇಲಿತ್ತೇ? ಇತ್ತು. ಕಣ್ಣು? ಟೀವಿಯ ಬೆಳಕು ಕಣ್ಣಲ್ಲಿ ಹೊಳೆಯುತ್ತಿತ್ತೇ, ಇಲ್ಲವೇ? ಶಿವಗಂಗವ್ವ ಸ್ವಲ್ಪ ಯೋಚಿಸಿ, ಅವಸರವಿಲ್ಲದೆ, ಮೊದಲಿನಿಂದ ಹೇಳತೊಡಗಿದಳು. ಅವನು ಕಣ್ಣು ಮುಚ್ಚಿ ಕೇಳಿದ.